ಒಂದು ಪೆಟ್ಟಿಗೆ, ನಾಲ್ಕು ಕಿಂಡಿ

ಸೀಮೆಎಣ್ಣೆಯ ವಾಸನೆ ಬಂದರೆ ಸಾಕು, ಲೋಲಾಕ್ಷಿಗೆ ಬಂಟ್ವಾಳ ಪೇಟೆಯ ಸೊಸೈಟಿಯ ಅಂಗಳ ನೆನಪಾಗುತ್ತಿತ್ತು. ಡ್ರಮ್ಮಿನಿಂದ ಅಳೆದು ಸುರಿಯುವಾಗ ಚೆಲ್ಲಿದ ಎಣ್ಣೆ ಮಳೆನೀರಿನ ಗುಂಡಿಗೆ ಹರಿದು ನೇರಳೆ, ಹಸಿರು, ಹೊಂಬಣ್ಣಗಳಾಗಿ ಹರಡುತ್ತಿತ್ತು. ಏಳು ವರ್ಷದ ಹುಡುಗಿ ಕೈಯಲ್ಲಿ ಖಾಲಿ ಕ್ಯಾನು ಹಿಡಿದುಕೊಂಡೇ ಸಾಲು ತಪ್ಪಿಸಿ, ಅದರ ಮುಂದೆ ಕುಕ್ಕರಗಾಲಲ್ಲಿ ಕೂತುಬಿಡುತ್ತಿದ್ದಳು. ಬಾಟಲಿಯಲ್ಲಿ ನೀಲಿಯಾಗಿ ಕಾಣುವ ಎಣ್ಣೆಗೆ ನೀರಿನ ಮೇಲೆ ಇಷ್ಟು ಬಣ್ಣ ಎಲ್ಲಿಂದ ಬರುತ್ತದೆ ಎಂದು ಶಾಲೆಯಲ್ಲಿ ಕೇಳಿದಳು. ಮೇಷ್ಟ್ರು ತಲೆ ಎತ್ತದೆ, "ಎಣ್ಣೆ ಅಂದ ಮೇಲೆ ಬಣ್ಣ ಇರ್ತದೆ. ನೀನು ಎಂಟರ ಮಗ್ಗಿ ಹೇಳು" ಎಂದರು.

ಎಣ್ಣೆಯ ತೆಳು ಪದರದ ಮೇಲ್ಮೈಯಿಂದ ಮರಳಿದ ಬೆಳಕೂ ಅಡಿಯಿಂದ ಮರಳಿದ ಬೆಳಕೂ ಒಂದಕ್ಕೊಂದು ಸೇರಿ ಕೆಲವು ಬಣ್ಣ ಹೆಚ್ಚುತ್ತವೆ, ಕೆಲವು ಅಳಿಯುತ್ತವೆ ಎಂದು ಅವಳಿಗೆ ತಿಳಿದದ್ದು ಮಂಗಳೂರಿನ ಕಾಲೇಜಿನಲ್ಲಿ, ಹನ್ನೆರಡು ವರ್ಷಗಳ ನಂತರ. ಆ ದಿನ ಅವಳಿಗೆ ಸಂತೋಷಕ್ಕಿಂತ ಮೊದಲು ಬಂದದ್ದು ಆ ಮೇಷ್ಟ್ರ ಮೇಲಿನ ತಾತ್ಸಾರ. ಗೊತ್ತಿಲ್ಲದ್ದು ತಪ್ಪಲ್ಲ. ಗುಂಡಿಯನ್ನು ಒಮ್ಮೆ ಬಗ್ಗಿ ನೋಡಲೂ ಇಲ್ಲವಲ್ಲ ಆ ಮನುಷ್ಯ.

ನೋಡದೆ ಉತ್ತರ ಹೇಳುವವರನ್ನು ಕಂಡರೆ ಅವಳಿಗೆ ಆಗುತ್ತಿರಲಿಲ್ಲ. ಅಂಥವರ ನಡುವೆಯೇ ಇಪ್ಪತ್ತೆರಡು ವರ್ಷ ದುಡಿಯಬೇಕಾಗಿ ಬಂತು. ಮೂಡುಬಿದಿರೆಯ ಹೊರವಲಯದ ಆ ಖಾಸಗಿ ಕಾಲೇಜಿನ ಭೌತಶಾಸ್ತ್ರ ವಿಭಾಗದಲ್ಲಿ ಅವಳು ಉಪನ್ಯಾಸಕಿ, ಲೋಕನಾಥರು ಮುಖ್ಯಸ್ಥರು. ಅವರ ಬಳಿ ಒಂದು ನೋಟ್ಸು ಪುಸ್ತಕವಿತ್ತು. ಅದರ ಹಾಳೆಗಳು ಹಪ್ಪಳದ ಹಾಗೆ ಮುರಿಯುತ್ತಿದ್ದುದರಿಂದ ಅವರು ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಬರುತ್ತಿದ್ದರು. ಬೆಳಕಿನ ಪಾಠ ಬಂದಾಗ ಅವರು ಪ್ರತಿ ವರ್ಷವೂ ಹೇಳುತ್ತಿದ್ದುದು ಒಂದೇ ಮಾತು. "ಬೆಳಕು ಅಲೆಯೂ ಹೌದು, ಕಣವೂ ಹೌದು. ಎರಡು ಅಂಕದ ಪ್ರಶ್ನೆಗೆ ಇಷ್ಟು ಬರೆದರೆ ಸಾಕು. ಐದು ಅಂಕಕ್ಕೆ ಚಿತ್ರ ಹಾಕಿ."

ಆ ವರ್ಷ, ಅಂದರೆ ತೊಂಬತ್ತೇಳರ ಮಳೆಗಾಲದಲ್ಲಿ, ಎರಡನೇ ಬಿ.ಎಸ್ಸಿ.ಯ ಫರ್ಹಾನ ಎದ್ದು ನಿಂತು ಕೇಳಿದಳು: "ಸರ್, ಎರಡು ಸೀಳಿನ ಮೂಲಕ ಕಣಗಳನ್ನು ಒಂದೊಂದಾಗಿಯೇ ಬಿಟ್ಟರೆ ಅದು ಯಾವುದರ ಜೊತೆ ಸೇರಿ ಬೆಳಕು-ಕತ್ತಲೆಯ ಪಟ್ಟಿ ಮಾಡ್ತದೆ? ಅಲ್ಲಿ ಬೇರೆ ಕಣವೇ ಇಲ್ಲವಲ್ಲ."

ಲೋಕನಾಥರು ಪುಸ್ತಕವನ್ನು ಮೆಲ್ಲಗೆ ಮೇಜಿನ ಮೇಲಿಟ್ಟರು. "ಕಳೆದ ಹತ್ತು ವರ್ಷದ ಪ್ರಶ್ನೆಪತ್ರಿಕೆಯಲ್ಲಿ ಇದು ಬಂದದ್ದುಂಟಾ?"

"ಇಲ್ಲ ಸರ್."

"ಹಾಗಾದ್ರೆ ಕೂತ್ಕೊಳ್ಳಿ."

ತರಗತಿ ನಕ್ಕಿತು. ಪಕ್ಕದ ಪ್ರಯೋಗಾಲಯದಲ್ಲಿ ಮಸೂರ ಒರೆಸುತ್ತಿದ್ದ ಲೋಲಾಕ್ಷಿಗೆ ಇದೆಲ್ಲ ಕೇಳಿಸಿತು.

ಸಂಜೆ ಸಿದ್ಧಕಟ್ಟೆ ಮಾರ್ಗವಾಗಿ ಬಂಟ್ವಾಳಕ್ಕೆ ಹೋಗುವ ಬಸ್ಸಿನಲ್ಲಿ ಹುಡುಗಿ ಅವಳ ಪಕ್ಕ ಬಂದು ಕೂತಳು. ಪಾಣೆಮಂಗಳೂರಿನವಳು. ಹತ್ತನೇ ತರಗತಿ ದಾಟಿದವರು ಅವಳ ಮನೆಯಲ್ಲಿ ಇನ್ನೊಬ್ಬರಿಲ್ಲ. ಬೆಳಗ್ಗಿನ ಪ್ರಶ್ನೆಯನ್ನೇ ಮತ್ತೆ ಕೇಳಿದಳು.

"ಕಣ ಬಂದು ಬೀಳುವಾಗ ಒಂದೇ ಚುಕ್ಕೆಯಾಗಿ ಬೀಳ್ತದೆ" ಎಂದಳು ಲೋಲಾಕ್ಷಿ. "ಅರ್ಧ ಇಲ್ಲಿ, ಅರ್ಧ ಅಲ್ಲಿ ಅಂತ ಇಲ್ಲ. ಆದರೆ ಸಾವಿರಾರು ಚುಕ್ಕೆ ಬಿದ್ದ ಮೇಲೆ ದೂರದಿಂದ ನೋಡು, ಪಟ್ಟಿ ಮೂಡಿರ್ತದೆ. ಎರಡು ಸೀಳಿನಲ್ಲಿ ಒಂದನ್ನು ಮುಚ್ಚಿದರೆ ಆ ಪಟ್ಟಿ ಇಲ್ಲ. ಯಾವ ಸೀಳಿನಲ್ಲಿ ಹೋಯ್ತು ಅಂತ ಹಿಡಿದು ನೋಡಿದರೂ ಇಲ್ಲ."

"ಅದು ಯಾಕೆ ಮೇಡಂ?"

"ಯಾಕೆ ಅಂತ ನನಗೂ ಗೊತ್ತಿಲ್ಲ ಮಗಳೇ. ಲೆಕ್ಕ ಮಾಡ್ಲಿಕ್ಕೆ ಗೊತ್ತುಂಟು ಅಷ್ಟೆ."

ಫರ್ಹಾನ ಗಂಭೀರ ಮುಖ ಮಾಡಿದಳು. "ಲೋಕನಾಥ ಸರ್‌ಗೆ ಗೊತ್ತಿರ್ಬಹುದು. ಅವರಿಗೆ ಗೊತ್ತಿಲ್ಲದ್ದು ಅಂತ ಎಂತ ಉಂಟು?"

ಇಬ್ಬರೂ ನಕ್ಕರು. ಆಮೇಲೆ ಅವಳು ಮನೆಯ ವಿಷಯ ಹೇಳಿದಳು. ಅಜ್ಜ ಮೂಸಬ್ಬ ಮೂರು ವರ್ಷಕ್ಕೆ ಒಪ್ಪಿದ್ದರು. ಒಂದು ವರ್ಷ ನಪಾಸಾದರೆ ಮೂರು ನಾಲ್ಕಾಗುತ್ತದೆ. ನಾಲ್ಕಕ್ಕೆ ಅವರು ಒಪ್ಪಿಲ್ಲ. "ಅಜ್ಜನದು ಒಂದೇ ಮಾತು ಮೇಡಂ. ನಪಾಸಾದ ದಿನ ಪುಸ್ತಕ ಕಟ್ಟಿಡು ಅಂದಿದ್ದಾರೆ."

ಪರೀಕ್ಷೆ ಬಂದದ್ದು ಮಾರ್ಚಿನಲ್ಲಿ. ಥಿಯರಿಗೆ ಹೆದರುವವಳಲ್ಲ ಅವಳು. ಆದರೆ ಪ್ರಾಯೋಗಿಕದಲ್ಲಿ ನಪಾಸಾದರೆ ಇಡೀ ವರ್ಷವೇ ನಪಾಸು. ಮತ್ತೆ ಅವಕಾಶ ಮುಂದಿನ ಮಾರ್ಚಿಗೇ.

ಆ ಕಾಲೇಜಿನ ಪ್ರಾಯೋಗಿಕದ ಬಗ್ಗೆ ಒಂದೆರಡು ಮಾತು ಹೇಳಬೇಕು. ಬೈಪ್ರಿಸಂ ಪ್ರಯೋಗಕ್ಕೆ ಒಂದು ಕತ್ತಲೆಕೋಣೆ. ಅದರ ನಡುವೆ ಒಂದು ಮರದ ಪೆಟ್ಟಿಗೆ, ಪೆಟ್ಟಿಗೆಯೊಳಗೆ ಹಳದಿ ಬೆಳಕಿನ ಸೋಡಿಯಂ ದೀಪ, ಪೆಟ್ಟಿಗೆಯ ನಾಲ್ಕು ಬದಿಗೆ ನಾಲ್ಕು ಕಿಂಡಿ. ಒಂದೊಂದು ಕಿಂಡಿಯೆದುರಿಗೂ ಒಂದು ಉದ್ದನೆಯ ಕಬ್ಬಿಣದ ಪೀಠ. ಪೀಠದ ಮೇಲೆ ಕೂದಲೆಳೆಯಷ್ಟು ಸಣ್ಣ ಸೀಳು, ಬೈಪ್ರಿಸಂ ಎಂಬ ಗಾಜಿನ ತುಂಡು, ತುದಿಯಲ್ಲಿ ಕಣ್ಣಿಟ್ಟು ನೋಡುವ ನೇತ್ರಕ. ಗಾಜು ಒಂದು ಸೀಳನ್ನು ಎರಡಾಗಿ ತೋರಿಸುತ್ತದೆ. ಎರಡರಿಂದ ಬಂದ ಬೆಳಕು ಸೇರಿ ಬೆಳಕು-ಕತ್ತಲೆಯ ಪಟ್ಟಿಗಳಾಗುತ್ತವೆ. ಪಟ್ಟಿಯ ಅಗಲ ಅಳೆದರೆ ಬೆಳಕಿನ ಅಲೆಯ ಉದ್ದ ಸಿಗುತ್ತದೆ. ಆದರೆ ಸೀಳು ಮತ್ತು ಗಾಜಿನ ಅಂಚು ಕೂದಲಷ್ಟೂ ವಾರೆಯಾಗಬಾರದು. ಅದನ್ನು ಸರಿಮಾಡಲು ಒಂದು ಗಂಟೆಯಾದರೂ ಬೇಕು, ತಾಳ್ಮೆ ಬೇಕು.

ಅಷ್ಟು ತಾಳ್ಮೆ ಯಾರಿಗಿತ್ತು? ಸೋಡಿಯಂ ಬೆಳಕಿನ ಉತ್ತರ ಐದು ಸಾವಿರದ ಎಂಟುನೂರ ತೊಂಬತ್ತಮೂರು ಆಂಗ್‌ಸ್ಟ್ರಾಮ್ ಎಂದು ಎಲ್ಲ ಪುಸ್ತಕದಲ್ಲೂ ಅಚ್ಚಾಗಿದೆ. ಉತ್ತರ ಕೈಯಲ್ಲಿದ್ದ ಮೇಲೆ ಹಿಂದಿನಿಂದ ಲೆಕ್ಕ ಮಾಡುತ್ತ ಬಂದರೆ ಅಳತೆಗಳು ತಾವಾಗಿಯೇ ಹುಟ್ಟುತ್ತವೆ. ಹಾಗೆ ಹುಟ್ಟಿದ ಅಳತೆಗಳ ಒಂದು ಸೈಕ್ಲೋಸ್ಟೈಲ್ ಹಾಳೆ ವರ್ಷದಿಂದ ವರ್ಷಕ್ಕೆ ಕೈದಾಟುತ್ತಿತ್ತು. ಹುಡುಗರು ಅದನ್ನು ಮಾದರಿ ಹಾಳೆ ಎನ್ನುತ್ತಿದ್ದರು. ಪರೀಕ್ಷೆಯ ದಿನ ಕತ್ತಲೆಕೋಣೆಗೆ ಹೋಗುವುದು, ಮೂರು ಗಂಟೆ ಕೂರುವುದು, ಬಾಯಿಪಾಠ ಮಾಡಿದ್ದನ್ನು ಬರೆಯುವುದು, ಬೆವರೊರೆಸಿಕೊಂಡು ಹೊರಗೆ ಬರುವುದು. ಲೋಕನಾಥರಿಗೆ ಇದು ಗೊತ್ತಿತ್ತು. ಬರುವ ಪರೀಕ್ಷಕರಿಗೂ ಗೊತ್ತಿತ್ತು. ಅವರ ಕಾಲೇಜಿನಲ್ಲೂ ಇಂಥದೇ ಹಾಳೆಯಿತ್ತು. ವಿಜ್ಞಾನ ಎಂದು ಇದನ್ನೇ ಕರೆದು, ಇದಕ್ಕೇ ನಲವತ್ತು ಅಂಕ ಇಟ್ಟಿದ್ದರು.

ಪರೀಕ್ಷೆಯ ಹಿಂದಿನ ದಿನ ವೋಲ್ಟೇಜು ಏರಿ ಸೋಡಿಯಂ ದೀಪ ಸುಟ್ಟುಹೋಯಿತು. ಲ್ಯಾಬಿನ ಅಟೆಂಡರ್ ಡೊಂಬಯ್ಯ ಕಪಾಟಿನಿಂದ ಹಳೆಯ ಪಾದರಸದ ದೀಪ ತೆಗೆದು ಕೂರಿಸಿದ. ಲೋಲಾಕ್ಷಿ ನಾಲ್ಕು ಕಿಂಡಿಗೂ ಹಸಿರು ಗಾಜು ಕಟ್ಟಿಸಿದಳು. ಹಸಿರಾದರೇನು, ಅಳೆಯುವವರು ಅಳೆಯಬಹುದು. ಕಪ್ಪುಹಲಗೆಯ ಮೇಲೆ ದೊಡ್ಡ ಅಕ್ಷರದಲ್ಲಿ ಬರೆದಳು: 'ದೀಪ ಬದಲಾಗಿದೆ. ಪಾದರಸ, ಹಸಿರು.'

ಬೆಳಗ್ಗೆ ಒಂಬತ್ತೂವರೆಗೆ ಅವಳು ಇನ್ನೊಂದು ಕೋಣೆಯ ಮೇಲ್ವಿಚಾರಣೆಗೆ ಹೋದಳು. ಅವಳು ಅತ್ತ ಹೋದ ಮೇಲೆ ಲೋಕನಾಥರು ಹಲಗೆ ಒರೆಸಿಸಿ, ಬಣ್ಣದ ಚಾಕಿನಲ್ಲಿ 'ಬಾಹ್ಯ ಪರೀಕ್ಷಕರಿಗೆ ಹಾರ್ದಿಕ ಸುಸ್ವಾಗತ' ಎಂದು ಬರೆಯಿಸಿದರು. ಸುತ್ತ ಬಳ್ಳಿಯ ಚಿತ್ತಾರವನ್ನೂ ಬಿಡಿಸಿದ್ದರು.

ಬಾಹ್ಯ ಪರೀಕ್ಷಕರು ಮಂಗಳೂರಿನ ಅಬ್ದುಲ್ ಹಕೀಂ. ತೆಳ್ಳನೆಯ ಮನುಷ್ಯ, ಇಸ್ತ್ರಿ ಮುರಿಯದ ಅಂಗಿ, ಜೇಬಿನಲ್ಲಿ ಎರಡು ಕೆಂಪು ಪೆನ್ನು. ಒಂದು ಪೆನ್ನು ಕೈಕೊಟ್ಟರೂ ಅಂಕ ಕಳೆಯುವ ಕೆಲಸ ನಿಲ್ಲಬಾರದಲ್ಲ. ಕತ್ತಲೆಕೋಣೆಯ ಬಾಗಿಲವರೆಗೆ ಹೋಗಿ, ಒಳಗೆ ಸೆಕೆ ಎಂದು ಅಲ್ಲಿಂದಲೇ ಮರಳಿದರು. ಹನ್ನೆರಡೂವರೆಗೆ ಮೌಖಿಕ ಪರೀಕ್ಷೆ ಶುರುವಾಯಿತು.

ಲೋಲಾಕ್ಷಿ ತನ್ನ ಕೋಣೆಯ ಉತ್ತರಪತ್ರಿಕೆಗಳನ್ನು ಹಿಡಿದುಕೊಂಡು ಬಂದಾಗ ಫರ್ಹಾನ ಹಕೀಂ ಅವರ ಮುಂದೆ ನಿಂತಿದ್ದಳು. ಪಕ್ಕದಲ್ಲಿ ಲೋಕನಾಥರು. ಹಿಂದೆ, ಅದೇ ಪ್ರಯೋಗ ಮಾಡಿದ ಮೂವರು ಹುಡುಗರು.

"ಸೋಡಿಯಂ ಎಷ್ಟು?" ಎಂದು ಹಕೀಂ ಕೇಳುತ್ತಿದ್ದರು.

"ಐದು ಸಾವಿರದ ಎಂಟುನೂರ ತೊಂಬತ್ತಮೂರು ಸರ್."

"ಗೊತ್ತುಂಟಲ್ಲ. ಮತ್ತೆ ಐದು ಸಾವಿರದ ನಾನೂರ ಎಂಬತ್ತು ಅಂತ ಯಾಕೆ ಬರೆದಿರಿ?"

"ನನಗೆ ಸಿಕ್ಕಿದ್ದು ಅದೇ ಸರ್. ಮೂರು ಸಲ ಅಳೆದೆ. ಪಟ್ಟಿ ಹಸಿರಿತ್ತು."

"ಹಸಿರು" ಎಂದು ಹಕೀಂ ಲೋಕನಾಥರನ್ನು ನೋಡಿದರು.

"ಪಾಣೆಮಂಗಳೂರಿನಲ್ಲಿ ಸೋಡಿಯಂ ಹಸಿರು ಉರಿಯುತ್ತದೋ ಏನೋ" ಎಂದರು ಲೋಕನಾಥರು.

ಹಿಂದೆ ನಿಂತಿದ್ದ ಧರ್ಣಪ್ಪ, ಕೊಕ್ಕಡದ ಹುಡುಗ, ಮೇಷ್ಟ್ರ ನಗು ನೋಡಿ ಧೈರ್ಯ ಮಾಡಿದ. "ಅವಳು ಒಮ್ಮೆ ಕಣ್ಣು ತೋರಿಸ್ಬೇಕು ಸರ್. ಬೆಳ್ತಂಗಡಿಗೆ ಶನಿವಾರ ಕಣ್ಣಿನ ಡಾಕ್ಟ್ರು ಬರ್ತಾರೆ."

ಹಕೀಂ ಕೆಂಪು ಪೆನ್ನಿನಲ್ಲಿ ನಲವತ್ತಕ್ಕೆ ಒಂಬತ್ತು ಎಂದು ಬರೆದರು. ಫರ್ಹಾನ ಆ ಅಂಕಿಯನ್ನು ತಲೆಕೆಳಗಾಗಿ ಓದಿದಳು. ಮುಖ ಬಿಳುಪಾಯಿತು.

"ದೀಪ ಸೋಡಿಯಂ ಅಲ್ಲ" ಎಂದಳು ಲೋಲಾಕ್ಷಿ.

ಹಕೀಂ ಪೆನ್ನು ಹಿಡಿದೇ ತಲೆ ಎತ್ತಿದರು.

"ನಿನ್ನೆ ಸುಟ್ಟುಹೋಯ್ತು. ಅದು ಪಾದರಸದ್ದು. ಹಸಿರು, ಐದು ಸಾವಿರದ ನಾನೂರ ಅರವತ್ತೊಂದು. ಇವಳು ಹತ್ತೊಂಬತ್ತು ಮಾತ್ರ ಹೆಚ್ಚು ಬರೆದಿದ್ದಾಳೆ. ನಮ್ಮ ಪೀಠದಲ್ಲಿ ಇಷ್ಟು ಹತ್ತಿರ ಯಾರೂ ಬಂದದ್ದಿಲ್ಲ. ನಾನು ಬೋರ್ಡಿನಲ್ಲಿ ಬರೆದಿದ್ದೆ." ಅವಳು ಹಲಗೆಯತ್ತ ತಿರುಗಿದಳು. ಅಲ್ಲಿ ಬಳ್ಳಿಯ ನಡುವೆ ಸುಸ್ವಾಗತವಿತ್ತು.

ಹಕೀಂ ಉಳಿದ ಮೂರು ಪತ್ರಿಕೆಗಳನ್ನು ಎಳೆದುಕೊಂಡರು. ಒಂದರಲ್ಲಿ ಐದು ಸಾವಿರದ ಎಂಟುನೂರ ತೊಂಬತ್ತಮೂರು. ಇನ್ನೊಂದರಲ್ಲೂ ಅದೇ. ಮೂರನೆಯದರಲ್ಲಿ ತೊಂಬತ್ತನಾಲ್ಕು. ಆ ಮಹಾಶಯ ಸ್ವಂತ ಪರಿಶ್ರಮದ ಗುರುತಿಗೆಂದು ಒಂದು ಸೇರಿಸಿಕೊಂಡಿದ್ದ. ಒಂದು ಪೆಟ್ಟಿಗೆ, ಒಂದು ದೀಪ. ಮೂರು ಕಿಂಡಿಯಲ್ಲಿ ಹಳದಿ, ಒಂದರಲ್ಲಿ ಹಸಿರು.

"ಕೋಣೆಯೆಲ್ಲ ಹಸಿರಾಗಿ ಕಾಣ್ತಿತ್ತಲ್ಲ" ಎಂದು ಲೋಲಾಕ್ಷಿ ಹುಡುಗರನ್ನು ಕೇಳಿದಳು. "ನಿಮಗೆ ಕಾಣಲಿಲ್ವಾ?"

"ಕಂಡಿತ್ತು ಮೇಡಂ" ಎಂದ ಒಬ್ಬ. "ಆದ್ರೆ ಉತ್ತರ ಅದೇ ಅಲ್ವಾ?"

ಅವರನ್ನೂ ಫರ್ಹಾನಳನ್ನೂ ಹೊರಗೆ ಕಳಿಸಿ ಲೋಕನಾಥರು ಬಾಗಿಲು ಮುಂದೆ ಮಾಡಿದರು. ಅವರ ಮನೆಯಲ್ಲಿ ಪರೀಕ್ಷಕರಿಗೆಂದು ಕೋರಿ ರೊಟ್ಟಿ ತಯಾರಾಗಿತ್ತು. ಅದನ್ನು ನೆನಪಿಸುವಂತೆ ಗಡಿಯಾರ ನೋಡಿಕೊಂಡರು. "ಎಂತ ಮಾಡುವ ಹೇಳಿ. ಇವಳದು ಸರಿ ಅಂತ ಬರೆದ್ರೆ ಮೂವರದು ಸುಳ್ಳು ಅಂತ ಬರೆದ ಹಾಗೆ. ಯುನಿವರ್ಸಿಟಿಗೆ ಗೊತ್ತಾದ್ರೆ ಕಾಲೇಜಿನ ಹೆಸರು ಹೋಗ್ತದೆ. ದೀಪ ಸೋಡಿಯಂ ಅಂತಲೇ ಇರ್ಲಿ. ಹುಡುಗಿ ಮುಂದಿನ ಮಾರ್ಚಿನಲ್ಲಿ ಕೂತ್ಕೊಳ್ಳಲಿ. ಒಂದು ವರ್ಷ ಅಲ್ವಾ, ಪ್ರಪಂಚ ಮುಳುಗಿ ಹೋಗ್ತದಾ?"

ಲೋಲಾಕ್ಷಿ ಹಕೀಂ ಅವರನ್ನು ನೋಡಿದಳು. ಅವರು ಪೆನ್ನಿನ ಮುಚ್ಚಳ ಹಾಕಿದರು, ತೆಗೆದರು, ಹಾಕಿದರು.

"ನೀವೂ ಸ್ವಲ್ಪ ಯೋಚನೆ ಮಾಡಿ ಮೇಡಂ" ಎಂದರು. "ಮೂರು ಹುಡುಗರಿಗೆ ಕಡಿಮೆ ಹಾಕಿ ಆ ಹುಡುಗಿಗೆ ಮೂವತ್ತೆಂಟು ಹಾಕಿದ್ರೆ ನಾಳೆ ಜನ ಎಂತ ಹೇಳ್ತಾರೆ? ಹಕೀಂ ಬಂದಿದ್ದ, ಹೆಸರು ನೋಡಿ ಅಂಕ ಹಾಕಿದ ಅಂತ. ನನಗೆ ಇದು ಹೊಸತಲ್ಲ."

ಆ ಮಾತಿನಲ್ಲಿ ನಿಜವಿತ್ತು. ಆದರೂ ಲೋಲಾಕ್ಷಿಗೆ ಆ ಹೊತ್ತಿಗೆ ಕನಿಕರ ಬರಲಿಲ್ಲ. ತನ್ನ ಹೆಸರಿನ ಅಂಜಿಕೆಗೆ ಒಂದು ಹುಡುಗಿಯ ವರ್ಷವನ್ನು ತೆತ್ತು ಹೋಗುವವನು, ಅದೂ ಕಣ್ಣಿಟ್ಟು ನೋಡುವ ಕಷ್ಟವನ್ನೂ ತೆಗೆದುಕೊಳ್ಳದೆ. "ಈ ಸಲ ಆಂತರಿಕ ಪರೀಕ್ಷಕಿ ನಾನು. ನಾನು ಸಹಿ ಹಾಕುವುದಿಲ್ಲ" ಎಂದಳು.

ಲೋಕನಾಥರು ಅದಕ್ಕಾಗಿಯೇ ಕಾದಿದ್ದವರಂತೆ ಮೇಜಿನ ಖಾನೆ ಎಳೆದು ಒಂದು ಹಾಳೆ ತೆಗೆದಿಟ್ಟರು. "ಸಹಿ ಬೇಡ. ವರದಿಯೇ ಬರೆಯಿರಿ. ಮಾದರಿ ಹಾಳೆ ನೋಡಿ ಬರೆದರು ಅಂತ ಬರೆಯಿರಿ. ಇದು ಯಾರ ಅಕ್ಷರ ಅಂತಲೂ ಬರೆಯಿರಿ."

ಅಕ್ಷರ ಅವಳದೇ. ಎಂಬತ್ತೊಂಬತ್ತರಲ್ಲಿ ನೇತ್ರಕಗಳ ತಿರುಪು ಕೆಟ್ಟು, ಹೊಸತು ಬರುವಷ್ಟರಲ್ಲಿ ಪರೀಕ್ಷೆ ಬಂದಿತ್ತು. ಮಕ್ಕಳ ವರ್ಷ ಹಾಳಾಗಬಾರದೆಂದು, ಇದೊಂದು ಸಲ ಎಂದು, ಅವಳೇ ಹಿಂದಿನಿಂದ ಲೆಕ್ಕ ಮಾಡಿ ಒಂದು ಪಟ್ಟಿ ಬರೆದುಕೊಟ್ಟಿದ್ದಳು. ಲೋಕನಾಥರು ಅದನ್ನು ಸೈಕ್ಲೋಸ್ಟೈಲ್ ಮಾಡಿಸಿದರು. ಮರುವರ್ಷ ಹುಡುಗರ ಕೈಯಲ್ಲಿ ನೋಡಿದಳು. ಅದರ ಮರುವರ್ಷವೂ ನೋಡಿದಳು. ನೋಡಿಯೂ ಮುಖ ತಿರುಗಿಸಿದಳು. ಒಂಬತ್ತು ವರ್ಷ ಊರಿನವರನ್ನೆಲ್ಲ ತಾತ್ಸಾರದಿಂದ ತೂಗುತ್ತಿದ್ದವಳು ತನ್ನದೊಂದು ಹಾಳೆಯನ್ನು ತಕ್ಕಡಿಯಿಂದ ಹೊರಗೆ ಇಟ್ಟುಕೊಂಡಿದ್ದಳು.

ಎಂಟರ ಮಗ್ಗಿ ಕೇಳಿದ ಆ ಮೇಷ್ಟ್ರಾದರೂ ಗೊತ್ತಿಲ್ಲದೆ ಹೇಳಿದ್ದರು.

ಅವಳು ಕುರ್ಚಿ ಎಳೆದು ಕೂತು, ಬಿಳಿ ಹಾಳೆ ತೆಗೆದು ಬರೆಯತೊಡಗಿದಳು. ದೀಪ ಬದಲಾದದ್ದು, ಅದನ್ನು ವಿದ್ಯಾರ್ಥಿಗಳಿಗೆ ತಿಳಿಸದೆ ಹೋದದ್ದು, ಮಾದರಿ ಹಾಳೆ ತನ್ನದೇ ಕೈಬರಹವಾಗಿರುವುದು. ಆದ್ದರಿಂದ ತಪ್ಪು ವಿಭಾಗದ್ದು. ಫರ್ಹಾನಳ ಪತ್ರಿಕೆಯನ್ನು ಸರಿಯಾದ ಮೌಲ್ಯಕ್ಕೆ ಹೋಲಿಸಿ ನೋಡಬೇಕು. ಉಳಿದ ಮೂವರಿಗೆ ಇಂದೇ ಇನ್ನೊಮ್ಮೆ ಸಮಯ ಕೊಡಬೇಕು. ಕೆಳಗೆ ಸಹಿ ಹಾಕಿ ಹಕೀಂ ಅವರ ಮುಂದಿಟ್ಟಳು.

"ಇದನ್ನು ಕಳಿಸಿದ್ರೆ ಇನ್ನು ನಿಮ್ಮನ್ನು ಪರೀಕ್ಷೆಯ ಕೆಲಸಕ್ಕೆ ಯಾರೂ ಕರೆಯುವುದಿಲ್ಲ" ಎಂದರು ಲೋಕನಾಥರು. "ಆಡಳಿತ ಮಂಡಳಿ ಎಂತ ಮಾಡ್ತದೋ ನನಗೆ ಗೊತ್ತಿಲ್ಲ."

"ಸರಿ ಸರ್."

ಹಕೀಂ ಹಾಳೆಯನ್ನು ಎರಡು ಸಲ ಓದಿದರು. ಎದ್ದು ಕತ್ತಲೆಕೋಣೆಗೆ ನಡೆದರು. ಲೋಲಾಕ್ಷಿ ಹಿಂದೆ ಹೋದಳು. ಫರ್ಹಾನಳ ಪೀಠ ಬೆಳಗ್ಗೆ ಬಿಟ್ಟ ಹಾಗೆಯೇ ಇತ್ತು. ಹಕೀಂ ಕನ್ನಡಕ ತೆಗೆದು ಬಗ್ಗಿದರು. ಬಗ್ಗಿದವರು ಏಳಲೇ ಇಲ್ಲ. ತಿರುಪು ಒಂದಿಷ್ಟು ಆಚೆ ತಿರುಗಿಸಿದರು, ಈಚೆ ತಿರುಗಿಸಿದರು.

"ಎಷ್ಟು ಚೂಪಾಗಿ ಬಂದಿದೆ" ಎಂದರು ಕೊನೆಗೆ. "ಎಂಎಸ್ಸಿಯಲ್ಲಿ ನೋಡಿದ್ದು. ಆಮೇಲೆ ಇವತ್ತೇ."

ಹದಿನೆಂಟು ವರ್ಷದಿಂದ ಪರೀಕ್ಷಕರಾಗಿದ್ದವರ ಮಾತು ಇದು. ಲೋಲಾಕ್ಷಿಯ ನಾಲಗೆಯ ತುದಿಗೆ ಏನೋ ಬಂತು. ತನ್ನ ಹಾಳೆ ನೆನಪಾಗಿ ನುಂಗಿಕೊಂಡಳು.

ಹಕೀಂ ಹೊರಗೆ ಬಂದು ಒಂಬತ್ತನ್ನು ಹೊಡೆದು ಮೂವತ್ತೆಂಟು ಎಂದು ಬರೆದರು. ಪಕ್ಕದಲ್ಲಿ ಪೂರ್ತಿ ಹೆಸರಿನ ಸಹಿ ಹಾಕಿದರು, ಯಾರು ಓದಿದರೂ ಅನುಮಾನ ಬಾರದಷ್ಟು ಬಿಡಿಸಿ. ಲೋಕನಾಥರು ಸ್ಕೂಟರ್ ಹತ್ತಿ ಮನೆಗೆ ಹೋದರು. ಕೋರಿ ರೊಟ್ಟಿಯನ್ನು ಒಬ್ಬರೇ ತಿಂದಿರಬೇಕು.

ಮೂವರನ್ನು ಮತ್ತೆ ಒಳಗೆ ಕೂರಿಸಿದರು. ಇಬ್ಬರು ಎರಡೂವರೆಗೆ ಹೇಗೋ ಮುಗಿಸಿಕೊಂಡು, ಕಾರಿಡಾರಿನಲ್ಲಿ ಕಾಯುತ್ತಿದ್ದ ಫರ್ಹಾನಳನ್ನು ನುಂಗುವಂತೆ ನೋಡಿ ಹೋದರು. ಅಂಕಪಟ್ಟಿಗೆ ಸೀಲು ಬೀಳುವವರೆಗೆ ಪ್ರಯೋಗದವರು ಯಾರೂ ಹೋಗುವಂತಿಲ್ಲವೆಂದು ಡೊಂಬಯ್ಯ ಅವಳಿಗೆ ಹೇಳಿದ್ದ. ಆ ಇಬ್ಬರು ಅವನ ಮಾತಿಗೆ ನಿಲ್ಲಲಿಲ್ಲ. ಅವಳು ನಿಂತಳು.

ಧರ್ಣಪ್ಪ ಮಾತ್ರ ಒಳಗೇ ಉಳಿದ. ನೇತ್ರಕದಲ್ಲಿ ಅವನಿಗೆ ಬರೀ ಹಸಿರು ಮಂಜು. ಪಕ್ಕದಲ್ಲಿ ನಿಂತಿದ್ದ ಲೋಲಾಕ್ಷಿಯತ್ತ ತಿರುಗಿದ.

"ಮೇಡಂ, ಯಾವುದನ್ನು ತಿರುಗಿಸ್ಬೇಕು?"

"ಎರಡು ವರ್ಷ ನೀನು ಇದನ್ನು ಮುಟ್ಟಲಿಲ್ವಾ?"

"ಒಂದು ಪೀಠಕ್ಕೆ ನಾವು ಎಂಟು ಜನ ಮೇಡಂ. ಮುಂದಿನವರು ಮುಟ್ಟುತ್ತಿದ್ರು. ನನ್ನ ಸರದಿ ಬರುವಾಗ ಕೊಕ್ಕಡದ ಬಸ್ಸು ಹೊರಡುವ ಹೊತ್ತಾಗ್ತಿತ್ತು." ಅವನ ಮಾತಿನಲ್ಲಿ ಬೆಳಗ್ಗಿನ ಕೊಬ್ಬು ಇರಲಿಲ್ಲ. "ಹಾಳೆ ಇದ್ದದ್ದಕ್ಕೆ ಇಲ್ಲಿವರೆಗೆ ಬಂದದ್ದು."

ಪರೀಕ್ಷಕಿಯಾಗಿ ಅವಳು ಹೇಳಿಕೊಡುವಂತಿರಲಿಲ್ಲ. ಕತ್ತಲಲ್ಲಿ ನಿಂತಿದ್ದ ಹಕೀಂ ಕೆಮ್ಮಿದರು. "ಸೆಕೆ ಮಾರಾಯ್ರೇ. ನಾನು ಐದು ನಿಮಿಷ ಹೊರಗೆ ನಿಲ್ತೇನೆ" ಎಂದು ಬಾಗಿಲೆಳೆದುಕೊಂಡು ಹೋದರು. ಐದು ನಿಮಿಷ ಅಂದವರು ಇಪ್ಪತ್ತು ನಿಮಿಷ ಬರಲಿಲ್ಲ.

"ಸೀಳನ್ನು ತಿರುಗಿಸು" ಎಂದಳು ಲೋಲಾಕ್ಷಿ. "ನಿಧಾನ. ಇನ್ನೂ ನಿಧಾನ. ಉಸಿರು ಬಿಡು."

ಮಂಜು ಒಡೆಯಿತು. ಧರ್ಣಪ್ಪನ ಬೆನ್ನು ನೆಟ್ಟಗಾಯಿತು. ಕಪ್ಪು, ಹಸಿರು, ಕಪ್ಪು, ಹಸಿರು. ಬಾಚಣಿಗೆಯ ಹಲ್ಲಿನ ಹಾಗೆ ಪಟ್ಟಿಗಳು ನಿಂತಿರಬೇಕು ಅವನ ಕಣ್ಣಲ್ಲಿ.

"ಮೇಡಂ" ಎಂದ, ನೇತ್ರಕದಿಂದ ಕಣ್ಣು ತೆಗೆಯದೆ. "ಇದು ನಿಜವಾಗಿಯೂ ಉಂಟಾ? ನಾನು ಪುಸ್ತಕದವರು ಸುಮ್ಮನೆ ಬರೆದದ್ದು ಅಂತ ಗ್ರಹಿಸಿದ್ದೆ."

ಅವನ ಉತ್ತರ ಐದು ಸಾವಿರದ ಇನ್ನೂರಕ್ಕೆ ಬಂತು. ಸುಮಾರು ತಪ್ಪು, ಆದರೆ ಅವನದೇ ತಪ್ಪು. ಹಕೀಂ ಅದಕ್ಕೆ ಇಪ್ಪತ್ತು ಹಾಕಿದರು. ಲಕೋಟೆಗೆ ಅರಗಿನ ಸೀಲು ಬಿದ್ದಾಗ ನಾಲ್ಕು ಗಂಟೆ.

ಲೋಲಾಕ್ಷಿ ಕತ್ತಲೆಕೋಣೆಯ ಬಾಗಿಲಿಗೆ ಬಂದು ನಿಂತಳು. ಧರ್ಣಪ್ಪ ಹೊರಗಿನ ಮೆಟ್ಟಿಲ ಮೇಲೆ ತಲೆ ಮೊಣಕಾಲಿಗೆ ಇಟ್ಟು ಕೂತಿದ್ದ. ಬೆಳಗ್ಗೆ ಐದಕ್ಕೆ ಮನೆ ಬಿಟ್ಟವನು. ಚಾ ಕೂಡ ಕುಡಿದಿರಲಿಲ್ಲವೆಂದು ಡೊಂಬಯ್ಯ ಆಮೇಲೆ ಹೇಳಿದ. ಫರ್ಹಾನ ಕಾರಿಡಾರಿನಿಂದ ಇಳಿದು ಬಂದಳು. ಮೂವತ್ತೆಂಟು ಎಂದು ಅವಳಿಗೆ ಗೊತ್ತಾಗಿತ್ತು. ಅವನ ಎದುರು ಒಂದು ಕ್ಷಣ ನಿಂತಳು. ಕಣ್ಣಿನ ಡಾಕ್ಟ್ರ ಮಾತು ಎತ್ತುತ್ತಾಳೆಂದು ಲೋಲಾಕ್ಷಿ ಕಾದಳು. ಎತ್ತಿದ್ದರೆ ತಪ್ಪೇನೂ ಇರಲಿಲ್ಲ.

ಅವಳು ಚೀಲದಿಂದ ಅಲ್ಯೂಮಿನಿಯಂ ಡಬ್ಬಿ ತೆಗೆದಳು. ಮುಚ್ಚಳ ಬಿಚ್ಚಿ, ಮಡಚಿಟ್ಟ ಅಕ್ಕಿರೊಟ್ಟಿಯ ಮೇಲೆ ಸರಿದಿದ್ದ ಒಣಸಿಗಡಿ ಚಟ್ನಿಯನ್ನು ಒಂದು ಬದಿಗೆ ಒತ್ತಿ, ಡಬ್ಬಿಯನ್ನು ಅವನ ಕೈಗೆ ಕೊಟ್ಟಳು.